ನಲವತ್ತೊಂದು ಹಕಾರ

ಯೂನಿಟ್ಟಿನಲ್ಲಿ ನನ್ನ ಹೆಸರು ಗೊತ್ತಿದ್ದವರು ಇಬ್ಬರೋ ಮೂವರೋ. ಉಳಿದವರಿಗೆಲ್ಲ ನಾನು ‘ಪ್ರೊಡಕ್ಷನ್’. ‘ಪ್ರೊಡಕ್ಷನ್, ಜನರೇಟರಿಗೆ ಡೀಸೆಲ್ ಇಲ್ಲ’, ‘ಪ್ರೊಡಕ್ಷನ್, ನಾಯಕಿಗೆ ಎಳನೀರು’, ‘ಪ್ರೊಡಕ್ಷನ್, ಆ ನಾಯಿ ಬೊಗಳ್ತಾನೇ ಇದೆ, ಏನಾದ್ರೂ ಮಾಡಿ’. ನಾಯಿಗೂ ನಾನೇ ಜವಾಬ್ದಾರ. ಎಕ್ಸಿಕ್ಯೂಟಿವ್ ಪ್ರೊಡ್ಯೂಸರ್ ಎಂದು ತೆರೆಯ ಮೇಲೆ ನನ್ನ ಹೆಸರು ಓಡುವ ಹೊತ್ತಿಗೆ ಜನ ಚಾನೆಲ್ ಬದಲಾಯಿಸಿರುತ್ತಿದ್ದರು. ಎಲ್ಲರಿಗಿಂತ ಮೊದಲು ಊರಿಗೆ ಬರುವವನು ನಾನು, ಎಲ್ಲರೂ ಹೋದ ಮೇಲೆ ಮನೆಗಳ ಬೀಗದ ಕೈ ವಾಪಸು ಕೊಟ್ಟು ಹೋಗುವವನೂ ನಾನೇ. ಊಟಕ್ಕೆ ಕೂತರೆ ಪಕ್ಕದಲ್ಲಿ ಯಾರೂ ಕೂರುತ್ತಿರಲಿಲ್ಲ. ಯಾರಾದರೂ ಬಂದು ಕೂತರೂ ಏನೋ ಕೇಳಲಿಕ್ಕೇ ಬಂದಿದ್ದಾರೆ ಎಂದು ನಾನೇ ಮುಖ ಗಂಟಿಕ್ಕಿಕೊಳ್ಳುತ್ತಿದ್ದೆ. ತಪ್ಪು ಅವರದೊಂದೇ ಅಲ್ಲ.

ತೊಂಬತ್ತರ ದಶಕದ ಕೊನೆಯ ಮಾತು ಇದು. ಒಂದು ಖಾಸಗಿ ವಾಹಿನಿಗೆ ವಾರಕ್ಕೊಂದು ಕಂತಿನಂತೆ ಹದಿಮೂರು ಕಂತುಗಳ ಧಾರಾವಾಹಿ ಮಾಡುತ್ತಿದ್ದೆವು. ಕಥೆ ರೇಷ್ಮೆ ಹುಳು ಸಾಕುವ ಒಂದು ಮನೆತನದ್ದು. ಹಾಗಾಗಿ ಕೊಳ್ಳೇಗಾಲದಲ್ಲಿ ಬಿಡಾರ. ಮನೆಯೊಳಗಿನ ದೃಶ್ಯಗಳು ಮಧುವನಹಳ್ಳಿಯಲ್ಲಿ, ಕಾಲುವೆ ಮತ್ತು ಗದ್ದೆ ಸತ್ತೇಗಾಲದಲ್ಲಿ, ಕಾಡಂಚಿನ ದೃಶ್ಯಗಳು ಹನೂರಿನಾಚೆ. ನಾನು ಬಸ್ ನಿಲ್ದಾಣದ ಹಿಂದಿನ ಲಾಡ್ಜಿನಲ್ಲಿ ಒಂದು ಕೋಣೆ ಹಿಡಿದು, ಮಂಚದ ಒಂದು ಬದಿಗೆ ಟೇಪುಗಳ ಪೆಟ್ಟಿಗೆ, ಇನ್ನೊಂದು ಬದಿಗೆ ನಾನು ಎಂಬಂತೆ ಎರಡು ತಿಂಗಳು ಕಳೆದೆ.

ನನ್ನ ಹುಟ್ಟೂರು ಯಳಂದೂರು. ಕೊಳ್ಳೇಗಾಲದಿಂದ ಬಸ್ಸಿನಲ್ಲಿ ಮುಕ್ಕಾಲು ಗಂಟೆಯೂ ಇಲ್ಲ. ಇದನ್ನು ಯೂನಿಟ್ಟಿನಲ್ಲಿ ಯಾರಿಗೂ ಹೇಳಿರಲಿಲ್ಲ. ಅಮ್ಮ ತೀರಿಕೊಂಡ ಮೇಲೆ ಅಲ್ಲಿ ನನ್ನವರು ಎನ್ನುವವರು ಯಾರೂ ಇರಲಿಲ್ಲ, ಹೋಗಿ ಕದ ತಟ್ಟಬೇಕಾದ ಮನೆಯೂ ಇರಲಿಲ್ಲ. ಹೇಳದೇ ಇದ್ದುದಕ್ಕೆ ಇನ್ನೊಂದು ಕಾರಣವಿತ್ತು, ಅದನ್ನು ಮುಂದೆ ಬರೆಯುತ್ತೇನೆ.

ಧಾರಾವಾಹಿಯ ಒಂಬತ್ತನೇ ಕಂತಿನಿಂದ ಒಬ್ಬ ಅಜ್ಜಿಯ ಪಾತ್ರ ಬರುತ್ತದೆ. ಬೆಂಗಳೂರಿನಿಂದ ಬರಬೇಕಿದ್ದ ಹಿರಿಯ ನಟಿ ಬಚ್ಚಲಲ್ಲಿ ಜಾರಿ ಕಾಲು ಮುರಿದುಕೊಂಡರು. ಬದಲಿ ಹುಡುಕಲು ನನಗೆ ನಾಲ್ಕು ದಿನ ಕೊಟ್ಟರು. ಮೂರನೇ ದಿನ ಮಧುವನಹಳ್ಳಿಯಲ್ಲಿ ಟ್ರಾಲಿ ಶಾಟಿಗೆಂದು ಮನೆಯ ಮುಂದೆ ಕಂಬಿ ಹಾಸುತ್ತಿದ್ದೆವು. ಪಕ್ಕದ ಮನೆಯವರು ಕಣದಲ್ಲಿ ಒಣಗಲು ಹರಡಿದ್ದ ರಾಗಿಯ ಅಂಚಿನ ಮೇಲೂ ಒಂದು ತುಂಡು ಕಂಬಿ ಹೋಗಿತ್ತು. ಒಳಗಿನಿಂದ ಒಬ್ಬಾಕೆ ಮೊರ ಹಿಡಿದುಕೊಂಡೇ ಬಂದಳು.

‘ಲೇ, ಯಾರ್ಲಾ ಅದು ಇಲ್ಲಿ ಕಂಬಿ ಆಸಿರದು? ರಾಗಿ ಮ್ಯಾಲೆ ರೈಲು ಬುಡ್ತೀರಾ? ನಾಳೀಕೆ ಒಟ್ಟೆಗೆ ಏನ್ ತಿಂತೀರ್ಲಾ, ಕಂಬೀನಾ?’

ಕಂಬಿ ಹಾಸುತ್ತಿದ್ದ ಹುಡುಗರು ಕೈಲಿದ್ದುದನ್ನು ಅಲ್ಲೇ ಬಿಟ್ಟು ಹಿಂದೆ ಸರಿದರು. ಕ್ಯಾಮೆರಾದ ಹಿಂದಿದ್ದ ನಿರ್ದೇಶಕರು ನನ್ನ ಕಡೆ ತಿರುಗಿ, ‘ಪ್ರೊಡಕ್ಷನ್, ನನಗೆ ಈ ದನಿ ಬೇಕು’ ಎಂದರು. ಎಳನೀರು ಬೇಕು ಎಂದ ಹಾಗೆಯೇ.

ನಾನು ಆಕೆಯ ಮನೆಯ ಜಗುಲಿಯ ಮೇಲೆ ಎರಡು ದಿನ ಕೂತೆ. ಆಕೆಗೆ ಅರವತ್ತೈದರ ಮೇಲಿತ್ತು. ಯೂನಿಟ್ಟಿನವರೆಲ್ಲ ಆಮೇಲೆ ಅವ್ವ ಎಂದೇ ಕರೆದದ್ದರಿಂದ ನಾನೂ ಹಾಗೇ ಬರೆಯುತ್ತೇನೆ. ಗಂಡನಿಗೆ ಎಂಟು ವರ್ಷದಿಂದ ಕಣ್ಣು ಪೂರ್ತಿ ಕಾಣುತ್ತಿರಲಿಲ್ಲ. ಕಂಬಕ್ಕೆ ಒರಗಿ ಕೂತು ಬೀದಿಯಲ್ಲಿ ಹೋಗುವವರನ್ನು ಕೆಮ್ಮಿನಿಂದ, ಹೆಜ್ಜೆಯಿಂದ ಗುರುತಿಸಿ ಮಾತಾಡಿಸುತ್ತಿದ್ದರು. ಅವ್ವ ಎರಡು ದಿನವೂ ಆಗುವುದಿಲ್ಲ ಎಂದಳು. ಸೀರೆ, ಸಂಭಾವನೆ, ಪೇಪರಿನಲ್ಲಿ ಫೋಟೋ ಎಂದು ನಾನು ಆಡಿದ ಮಾತುಗಳೆಲ್ಲ ಜಗುಲಿಯ ಮೇಲೇ ಉಳಿದವು. ಕೊನೆಗೆ ಆಕೆಯೇ ಒಂದು ಮಾತು ಕೇಳಿದಳು.

‘ಟೀವಿಯಾಗೆ ನನ್ ದನಿ ಬತ್ತದಾ?’

‘ಬರುತ್ತೆ ಅವ್ವಾ.’

‘ಅಂಗಾದ್ರೆ ಮಾಡ್ತೀನಿ. ಈವಯ್ಯ ಕೇಳ್ಲಿ.’

ಯಜಮಾನರು ಕಂಬದಿಂದ ಬೆನ್ನು ಎತ್ತಿ ನನ್ನ ದನಿ ಬಂದ ಕಡೆಗೆ ತಿರುಗಿದರು. ‘ಇವಳ ದನಿ ದಿನಾ ಕೇಳ್ತಾನೇ ಇವ್ನಿ ಸಾ, ಅದಕ್ಕೇನೂ ಬರ ಇಲ್ಲ. ಆದ್ರೂವೆ ಆ ಪೆಟ್ಗೇಲಿ, ನಾಕ್ ಜನದ ಮುಂದೆ ಬಂದ್ರೆ ಅದರ ಕತೆ ಬ್ಯಾರೆ. ಎಲ್ಲಾರೂ ನೋಡ್ತಾರೆ. ನಂಗೆ ನೋಡಕಂತೂ ಇಲ್ಲ, ಕೇಳಕಾದ್ರೂ ಆಗ್ಲಿ.’

‘ಕೇಳಿಸ್ತೀನಿ ಯಜಮಾನ್ರೇ. ಅದು ನನ್ನ ಕೆಲಸ’ ಎಂದೆ. ಪ್ರೊಡಕ್ಷನ್‌ನವನ ಬಾಯಲ್ಲಿ ಭರವಸೆಗಳು ಬಹಳ ಸಲೀಸಾಗಿ ಬರುತ್ತವೆ. ಇದೊಂದನ್ನು ಮಾತ್ರ ಮನಸ್ಸಿನಿಂದ ಕೊಟ್ಟಿದ್ದೆ.

ಅವ್ವ ಕ್ಯಾಮೆರಾಕ್ಕೆ ಹೆದರಲಿಲ್ಲ. ಕಾಗದದ ಸಂಭಾಷಣೆಯನ್ನು ಓದಿ ಹೇಳಿದರೆ ಒಮ್ಮೆ ಕೇಳಿಸಿಕೊಂಡು, ‘ಇಂಗೆ ಯಾರೂ ಮಾತಾಡಕಿಲ್ಲ ಬುಡಪ್ಪ’ ಎಂದು ಅದೇ ಪದಗಳನ್ನು ತನ್ನದೇ ರಾಗದಲ್ಲಿ ಆಡುತ್ತಿದ್ದಳು. ಅದು ಬರೆದದ್ದಕ್ಕಿಂತ ಚೆನ್ನಾಗಿರುತ್ತಿತ್ತು. ಧ್ವನಿಗ್ರಾಹಕ, ಮೂವತ್ತು ವರ್ಷ ಕಿವಿಗೆ ಹೆಡ್‌ಫೋನ್ ಹಾಕಿಕೊಂಡೇ ಬಾಳಿದ ಮನುಷ್ಯ, ಯಾರನ್ನೂ ಹೊಗಳಿದವನಲ್ಲ. ಅವನೂ, ‘ಈಯಮ್ಮನಿಗೆ ಮೈಕೇ ಬೇಡ’ ಎಂದ.

ಮಧ್ಯಾಹ್ನ ಊಟಕ್ಕೆ ಅವ್ವ ತಟ್ಟೆ ತಂದು ನನ್ನ ಪಕ್ಕ ಕೂತಳು. ಏನನ್ನೂ ಕೇಳಲಿಲ್ಲ. ಎರಡನೇ ದಿನವೂ ಬಂದು ಕೂತಳು. ಸಾರು ಬಡಿಸುವವನಿಗೆ ನಾನು, ಸ್ವಲ್ಪ ಎನ್ನುವ ಬದಲು, ‘ವಸಿ ಹಾಕು’ ಎಂದುಬಿಟ್ಟೆ. ಅವ್ವ ತುತ್ತು ಅರ್ಧಕ್ಕೇ ನಿಲ್ಲಿಸಿದಳು.

‘ಯಾವೂರು ಮಗ ನಿಂದು?’

‘ಬೆಂಗಳೂರು.’

‘ಬೆಂಗ್ಳೂರೋರು ವಸಿ ಅಂದಾರಾ? ಸುಳ್ಳು ಏಳಿದ್ರೂ ನ್ಯಾರವಾಗಿ ಏಳು.’

ಯಳಂದೂರು ಎಂದು ಒಪ್ಪಿಕೊಂಡೆ. ಅಂದಿನಿಂದ ಊಟದ ಹೊತ್ತಿನಲ್ಲಿ, ಬೇರೆ ಯಾರಿಗೂ ಕೇಳದಂತೆ, ನಾವಿಬ್ಬರೂ ನಮ್ಮ ಕಡೆಯ ಮಾತಿನಲ್ಲೇ ಮಾತಾಡಿದೆವು. ಹದಿನೆಂಟು ವರ್ಷದ ಮೇಲೆ ಆ ಮಾತು ನನ್ನ ಬಾಯಿಗೆ ಬಂದಿತ್ತು. ‘ಒಲ’, ‘ಅಬ್ಬ’, ‘ಓಯ್ತೀನಿ’ ಎಂದಾಗಲೆಲ್ಲ ಎದೆಯಲ್ಲಿ ಏನೋ ಸಡಿಲವಾಗುತ್ತಿತ್ತು. ಸಂಜೆ ಲಾಡ್ಜಿನ ಕೋಣೆಗೆ ಬಂದು ಕದ ಹಾಕಿಕೊಂಡರೆ ಮಾತಾಡಲು ಯಾರೂ ಇಲ್ಲ ಎನ್ನುವುದು ಆ ದಿನಗಳಲ್ಲಿ ಮೊದಲಿಗಿಂತ ಹೆಚ್ಚು ಚುಚ್ಚುತ್ತಿತ್ತು. ನಾಳೆ ಮಧ್ಯಾಹ್ನದ ಊಟಕ್ಕೆ ಕಾಯುವುದನ್ನು ಕಲಿತಿದ್ದೆ.

ಒಂಬತ್ತನೇ ಕಂತನ್ನು ಸಂಕಲನ ಮುಗಿಸಿ ವಾಹಿನಿಗೆ ಕಳಿಸಿದೆವು. ವಾಹಿನಿಯ ಪರಿಶೀಲನಾ ವಿಭಾಗ ಇದ್ದದ್ದು ಬೇರೆ ರಾಜ್ಯದ ನಗರದಲ್ಲಿ. ಅಲ್ಲಿ ಕೂತವನೊಬ್ಬ ಅನುಮೋದಿತ ಸ್ಕ್ರಿಪ್ಟನ್ನು ಮುಂದೆ ಇಟ್ಟುಕೊಂಡು, ಸಾಲಿನ ಮೇಲೆ ಬೆರಳಾಡಿಸುತ್ತ ಟೇಪು ನೋಡಿ, ಚಿತ್ರ ಅಥವಾ ಶಬ್ದದ ದೋಷಗಳನ್ನು ಟೈಮ್‌ಕೋಡ್ ಸಮೇತ ಬರೆದು ಕಳಿಸುತ್ತಾನೆ. ನಾವು ಹನೂರಿನಾಚೆ ಚಿತ್ರೀಕರಣದಲ್ಲಿದ್ದೆವು. ಆ ವರ್ಷಗಳಲ್ಲಿ ಕಾಡುಗಳ್ಳನ ಭಯಕ್ಕೆ ಕಾಡಿನ ರಸ್ತೆಯಲ್ಲಿ ಸಂಜೆ ನಾಲ್ಕರ ಮೇಲೆ ನಮ್ಮಂಥವರನ್ನು ಬಿಡುತ್ತಿರಲಿಲ್ಲ, ಚೆಕ್‌ಪೋಸ್ಟಿನವರು ಬಂದು ಗಂಟೆ ನೋಡಿ ಎಬ್ಬಿಸುತ್ತಿದ್ದರು. ವ್ಯಾನುಗಳನ್ನು ತುಂಬಿಸಿ ಕೊಳ್ಳೇಗಾಲಕ್ಕೆ ಬಂದರೆ, ಪೇಟೆಯ ಫ್ಯಾಕ್ಸ್ ಅಂಗಡಿಯಲ್ಲಿ ನನಗಾಗಿ ಎರಡು ಹಾಳೆ ಕಾದಿದ್ದವು.

‘ಆಡಿಯೋ ಡ್ರಾಪ್. ಪದದ ಮೊದಲ ಅಕ್ಷರ ಕೇಳಿಸುವುದಿಲ್ಲ.’ ಇಂಥವು ನಲವತ್ತೊಂದು. ಎಲ್ಲವೂ ಅಜ್ಜಿಯ ಪಾತ್ರದವು. ಮುಂದಿನ ಬುಧವಾರದೊಳಗೆ ಸರಿಪಡಿಸಿದ ಟೇಪು ಬಾರದಿದ್ದರೆ ಆ ಅರ್ಧ ಗಂಟೆಯನ್ನು ಬೇರೆ ಕಾರ್ಯಕ್ರಮಕ್ಕೆ ಕೊಡಲಾಗುವುದು.

ಧ್ವನಿಗ್ರಾಹಕನಿಗೆ ತೋರಿಸಿದೆ. ಅವನ ಮುಖ ಕಪ್ಪಿಟ್ಟಿತು. ಮರುದಿನ ಇಡೀ ಬೆಳಗ್ಗೆ ಮೈಕಿನ ಕೇಬಲ್ಲನ್ನು ಮೊಳ ಮೊಳವಾಗಿ ಬಗ್ಗಿಸಿ ನೋಡಿದ. ಕನೆಕ್ಟರುಗಳನ್ನು ಸ್ಪಿರಿಟ್ಟಿನಿಂದ ಒರೆಸಿದ. ಮೈಕಿಗೆ ಹಾಕಿದ್ದ ಗಾಳಿತಡೆಯ ಮೇಲೆ ಅನುಮಾನ ಪಟ್ಟು ಅದನ್ನೂ ಬಿಚ್ಚಿದ. ‘ಬೇರೆಯವರ ಮಾತಿನಲ್ಲಿ ಡ್ರಾಪ್ ಇಲ್ಲ, ಈಯಮ್ಮ ಒಬ್ಬರದೇ ಹೋಗುತ್ತೆ ಅಂದ್ರೆ ಹೇಗೆ ಸ್ವಾಮಿ?’ ಎಂದು ನನ್ನನ್ನೇ ಕೇಳಿದ. ಊಟವನ್ನೂ ಮಾಡಲಿಲ್ಲ ಪಾಪ.

ನಾನು ಲಾಡ್ಜಿನ ಕೋಣೆಯಲ್ಲಿ ಪಟ್ಟಿಯನ್ನೂ ಸ್ಕ್ರಿಪ್ಟನ್ನೂ ಅಕ್ಕಪಕ್ಕ ಇಟ್ಟುಕೊಂಡು ಒಂದೊಂದೇ ಪದ ಗುರುತು ಹಾಕಿದೆ. ಹಾಲು. ಹಿಟ್ಟು. ಹಸು. ಹೊಲ. ಹೊಟ್ಟೆ. ಹಬ್ಬ. ಹತ್ತನೆಯದಕ್ಕೆ ಬರುವಷ್ಟರಲ್ಲಿ ನಗು ತಡೆಯಲಾಗಲಿಲ್ಲ. ಹೊಟ್ಟೆ ಹಿಡಿದುಕೊಂಡು, ಒಬ್ಬನೇ, ಮಂಚದ ಮೇಲೆ ಬಿದ್ದು ನಕ್ಕೆ. ಕೇಬಲ್ಲಿನಲ್ಲಿ ಯಾವ ದೋಷವೂ ಇರಲಿಲ್ಲ. ಆ ಪುಣ್ಯಾತ್ಮ ನಮ್ಮ ಸೀಮೆಯ ಬಾಯನ್ನೇ ಶಬ್ದದೋಷ ಎಂದು ಬರೆದಿದ್ದ.

ಆಮೇಲೆ ಸ್ಕ್ರಿಪ್ಟಿನ ಕಡೆ ಮತ್ತೆ ನೋಡಿದೆ. ನಗು ಅಲ್ಲಿಗೇ ನಿಂತಿತು. ಈ ‘ಹ’ಗಳು ಅಲ್ಲಿಗೆ ಬಂದದ್ದು ಹೇಗೆ ಎಂದು ನನಗೆ ಗೊತ್ತಿತ್ತು.

ಸಂಭಾಷಣೆ ಬರೆದವರು ಅಜ್ಜಿಯ ಮಾತನ್ನು ‘ಆಲು’, ‘ಇಟ್ಟು’, ‘ಒಲ’ ಎಂದೇ ಬರೆದುಕೊಟ್ಟಿದ್ದರು. ವಾಹಿನಿಯ ಅನುಮೋದನೆಗೆ ಕಳಿಸುವ ಮುನ್ನ ಪ್ರತಿ ತಯಾರಿಸುವುದು ನನ್ನ ಕೆಲಸ. ನಾನು ಕೆಂಪು ಪೆನ್ನು ಹಿಡಿದು, ಯಾರೂ ಹೇಳದೆ, ಯಾರನ್ನೂ ಕೇಳದೆ, ಪ್ರತಿಯೊಂದಕ್ಕೂ ಹಕಾರ ಸೇರಿಸಿ ಟೈಪಿಗೆ ಕೊಟ್ಟಿದ್ದೆ. ಇಂಥದ್ದನ್ನು ಮೇಲಿನವರ ಮುಂದೆ ಇಡಬಾರದು ಎಂದು ಕೈ ತಾನಾಗಿಯೇ ಓಡಿತ್ತು. ಎಂಬತ್ತರ ಮೊದಲ ವರ್ಷಗಳಲ್ಲಿ ಬೆಂಗಳೂರಿನ ಸ್ಟುಡಿಯೋಕ್ಕೆ ಕೆಲಸಕ್ಕೆ ಸೇರಿದಾಗ ಮೊದಲ ದಿನವೇ ‘ಕಾಫೀಗೆ ಆಲು ತರ್ಲಾ ಸಾ?’ ಎಂದು ಕೇಳಿದ್ದೆ. ‘ಕಾಫೀಗೆ ಆಲೂಗಡ್ಡೆ ಹಾಕ್ತೀಯೇನೋ?’ ಎಂದು ಇಡೀ ಮಹಡಿ ನಕ್ಕಿತ್ತು. ಎರಡು ವರ್ಷ ನನ್ನ ಹೆಸರು ‘ಆಲೂ’ ಆಗಿತ್ತು. ಬಾಡಿಗೆ ಕೋಣೆಯಲ್ಲಿ ದಿನಪತ್ರಿಕೆಯನ್ನು ಗಟ್ಟಿಯಾಗಿ ಓದಿ ಓದಿ ಹಕಾರ ರೂಢಿ ಮಾಡಿಕೊಂಡೆ. ಒಮ್ಮೆ ರೂಢಿಯಾದ ಮೇಲೆ ಯಳಂದೂರಿನವನು ಎಂದು ಹೇಳಿಕೊಳ್ಳುವುದನ್ನೂ ಬಿಟ್ಟೆ. ಯೂನಿಟ್ಟಿನಲ್ಲಿ ಬಾಯಿ ಬಿಡದಿದ್ದುದಕ್ಕೆ ಕಾರಣ ಇಷ್ಟೇ.

ನಿಲ್ದಾಣದ ಎದುರಿನ ಎಸ್‌ಟಿಡಿ ಬೂತಿನಿಂದ ವಾಹಿನಿಯ ಅಧಿಕಾರಿಗೆ ಫೋನು ಮಾಡಿದೆ. ಇದು ದೋಷವಲ್ಲ, ಇಲ್ಲಿನ ಜನ ಮಾತಾಡುವುದೇ ಹೀಗೆ ಎಂದು ವಿವರಿಸಿದೆ. ಆತ ಒರಟನಲ್ಲ, ತಾಳ್ಮೆಯಿಂದ ಕೇಳಿದ.

‘ಇರಬಹುದು ಸಾರ್. ಆದರೆ ನೀವು ಕೊಟ್ಟ ಸ್ಕ್ರಿಪ್ಟಿನಲ್ಲಿ ಅಕ್ಷರ ಇದೆ, ಟೇಪಿನಲ್ಲಿ ಇಲ್ಲ. ನಮ್ಮ ಹುಡುಗ ಇನ್ನೇನು ಬರೀಬೇಕು? ಮೂಲ ಸ್ಕ್ರಿಪ್ಟ್ ಬೇರೆ ಇದ್ದರೆ ಕಳಿಸಿ. ಯಾರು ಬದಲಾಯಿಸಿದರು, ಯಾಕೆ ಅಂತ ಒಂದು ಪತ್ರ ಬರೆದು ಸಹಿ ಮಾಡಿ. ಮತ್ತೆ ಅನುಮೋದನೆಗೆ ಎರಡು ವಾರ ಆಗುತ್ತೆ, ಅಷ್ಟರವರೆಗೆ ಹಳೇ ಕಂತನ್ನೇ ಮರುಪ್ರಸಾರ ಮಾಡಬಹುದಾ ಅಂತ ನಾನು ಕೇಳಿನೋಡ್ತೀನಿ.’

ದಾರಿ ಇತ್ತು. ಅದು ಇಲ್ಲಿ ಸ್ಪಷ್ಟವಾಗಿ ಇರಲಿ. ಎರಡು ವಾರ ತಡವಾದರೆ ಪ್ರಾಯೋಜಕರು ಕೂಗಾಡುತ್ತಿದ್ದರು, ಅವರನ್ನು ಹೇಗೋ ಸಂಭಾಳಿಸಬಹುದಿತ್ತು. ನನಗೆ ಅಡ್ಡ ಬಂದದ್ದು ಆ ಸಹಿ. ನಿರ್ದೇಶಕರು, ಬರೆದವರು, ಕಚೇರಿಯವರು ಎಲ್ಲರೂ ಅದನ್ನು ಓದುತ್ತಾರೆ. ಯಾಕೆ ತಿದ್ದಿದೆ ಎಂದು ಕೇಳುತ್ತಾರೆ. ನಲವತ್ತರ ಹತ್ತಿರದ ಗಂಡಸು ‘ಆಲು’ ಎಂದರೆ ನನಗೆ ಇವತ್ತಿಗೂ ನಾಚಿಕೆ ಎಂದು ಬರೆದು ಸಹಿ ಹಾಕಬೇಕಿತ್ತು.

‘ಬೇಡ ಸಾರ್, ತಿದ್ದಿಯೇ ಕಳಿಸ್ತೀವಿ’ ಎಂದೆ.

ನಿರ್ದೇಶಕರಿಗೆ ವಿಷಯದ ಅರ್ಧ ಮಾತ್ರ ಹೇಳಿದೆ. ಅವರಿಗೆ ಹನ್ನೆರಡನೇ ಕಂತಿನ ಚಿಂತೆ. ‘ನೀನೇ ನೋಡ್ಕೋ’ ಎಂದರು. ಅವ್ವನಿಂದಲೇ ಹಕಾರ ಸಮೇತ ಮತ್ತೆ ಹೇಳಿಸಿ, ಚಿತ್ರವಿಲ್ಲದೆ ಬರೀ ದನಿ ಹಿಡಿದು, ನಲವತ್ತೊಂದು ಜಾಗಕ್ಕೂ ತೇಪೆ ಹಾಕುವುದು ಎಂದು ತೀರ್ಮಾನಿಸಿದೆ. ಆಗ ಯಜಮಾನರಿಗೆ ಕೊಟ್ಟ ಮಾತೂ ಉಳಿಯುತ್ತದೆ, ನನ್ನ ಮಾನವೂ ಉಳಿಯುತ್ತದೆ.

ಮೌನವಾದ ಜಾಗ ಬೇಕಿತ್ತು. ಮಧುವನಹಳ್ಳಿಯಲ್ಲಿ ಒಬ್ಬರ ಹುಳುಮನೆ ಖಾಲಿ ಇತ್ತು. ಒಂದು ಬೆಳೆ ಮುಗಿದು ಗೂಡು ಮಾರುಕಟ್ಟೆಗೆ ಹೋಗಿ, ಇನ್ನೊಂದು ಬೆಳೆಗೆ ತೊಳೆದು ಬಿಟ್ಟಿದ್ದರು. ದಪ್ಪ ಗೋಡೆ, ಚಿಕ್ಕ ಕಿಟಕಿ. ಕಿಟಕಿಗಳಿಗೆ ಗೋಣಿಚೀಲ ಬಿಗಿದೆವು, ಗೋಡೆಗೆ ಹುಳು ಗೂಡು ಕಟ್ಟುವ ಬಿದಿರಿನ ಚಂದ್ರಿಕೆಗಳನ್ನು ಒರಗಿಸಿ ಅವುಗಳ ಮೇಲೆ ಕಂಬಳಿ ಹೊದಿಸಿದೆವು. ಔಷಧಿಯ ಘಾಟಿಗೆ ಕಣ್ಣು ಉರಿಯುತ್ತಿತ್ತು. ಮೈಕಿನ ಮುಂದೆ ಚಾಪೆಯ ಮೇಲೆ ಅವ್ವ, ಎದುರಿಗೆ ನಾನು, ಮೂಲೆಯಲ್ಲಿ ಧ್ವನಿಗ್ರಾಹಕ.

ಅವ್ವನಿಗೆ ಹಕಾರ ಬರುವುದಿಲ್ಲ ಎಂದುಕೊಂಡಿದ್ದೆ. ಅದು ನನ್ನ ದಡ್ಡತನ. ಒಮ್ಮೆ ತೋರಿಸಿಕೊಟ್ಟ ಕೂಡಲೇ ಸೊಗಸಾಗಿ ಬಂತು. ಕಷ್ಟವಾದದ್ದು ಅದನ್ನು ಎಲ್ಲಿ ಬಿಡಬೇಕು ಎನ್ನುವುದು. ಸಾಲು ಇಷ್ಟೇ: ‘ಹಾಲು ಹಂಗೇ ಇದೆ. ಅಕ್ಕಿ ಇಲ್ಲ. ಹಿಟ್ಟು ಉಣ್ಣು ಮಗ.’ ಅವ್ವ ಉಸಿರು ತುಂಬಿಕೊಂಡು ಹೇಳಿದಳು.

‘ಹಾಲು ಹಂಗೇ ಹದೆ. ಹಕ್ಕಿ ಹಿಲ್ಲ. ಹಿಟ್ಟು ಹುಣ್ಣು ಮಗ.’

ಧ್ವನಿಗ್ರಾಹಕ ಹೆಡ್‌ಫೋನ್ ಕಿತ್ತು ನೆಲಕ್ಕಿಟ್ಟು ನಕ್ಕ. ಅವ್ವನೂ ನಕ್ಕಳು. ನಾನೂ ನಕ್ಕೆ. ಎರಡನೇ ಸಲವೂ ಹಕ್ಕಿ ಇರಲಿಲ್ಲ, ಮೂರನೇ ಸಲವೂ ಹುಣ್ಣಾಯಿತು. ಐದನೇ ಸಲಕ್ಕೆ ಯಾರೂ ನಗಲಿಲ್ಲ.

‘ಎಲ್ಲಿ ಆಕ್ಬೇಕು, ಎಲ್ಲಿ ಬುಡ್ಬೇಕು ಅಂತ ಎಂಗಪ್ಪ ಗೊತ್ತಾಗದು?’ ಅವ್ವ ಸೆರಗಿನಿಂದ ಮುಖ ಒರೆಸಿಕೊಂಡಳು. ‘ಸಾರ್ಗೆ ಉಪ್ಪಾದ್ರೆ ನೆಕ್ಕಿ ನೋಡ್ಬೋದು.’

ಹಕಾರ ಬರಬೇಕಾದ ಕಡೆ ಮಾತ್ರ ನಾನು ಆಕೆಯ ಮೊಣಕೈ ಮುಟ್ಟುವುದೆಂದು ಮಾಡಿಕೊಂಡೆವು. ಮುಟ್ಟಿದಾಗ ಹಕಾರ, ಮುಟ್ಟದಿದ್ದರೆ ಇಲ್ಲ. ಹದಿನಾಲ್ಕನೇ ಸಲಕ್ಕೆ ಸಾಲು ಸರಿಯಾಗಿ ಬಂತು. ಒಂದಕ್ಷರ ತಪ್ಪಿರಲಿಲ್ಲ. ಆದರೆ ಅದು ಶಾಲೆಯ ಮಕ್ಕಳು ಮಗ್ಗಿ ಒಪ್ಪಿಸುವ ಹಾಗಿತ್ತು. ಹಸಿದ ಮೊಮ್ಮಗಳ ಮುಂದೆ ಇಲ್ಲ ಎನ್ನಲಾರದೆ ಇಲ್ಲ ಎನ್ನುವ ಅಜ್ಜಿ ಅದರಲ್ಲಿ ಇರಲಿಲ್ಲ. ನನ್ನ ಬೆರಳು ಎಲ್ಲಿ ತಾಕುತ್ತದೋ ಎಂದು ಕಾಯುವ ಒಬ್ಬ ಹೆಂಗಸು ಇದ್ದಳು. ಹಾಗೆಯೇ ಮೂರು ಗಂಟೆ ಹೊತ್ತು ಹನ್ನೆರಡು ಪದ ಹಿಡಿದೆವು. ಅವ್ವನ ದನಿ ಕಟ್ಟಿತು.

ಧ್ವನಿಗ್ರಾಹಕ ನನ್ನನ್ನು ಹೊರಗೆ ಕರೆದ. ‘ಇದು ಹೊಂದಲ್ಲ. ಅಲ್ಲಾ ಪ್ರೊಡಕ್ಷನ್, ನನಗೆ ರೈಟರ್ ಕೊಟ್ಟಿದ್ದ ಕಾಪೀಲಿ ಹಕಾರವೇ ಇರಲಿಲ್ಲ. ವಾಹಿನಿಗೆ ಹೋದದ್ದರಲ್ಲಿ ಯಾಕಿದೆ?’

‘ಟೈಪ್ ಮಾಡಿದವರು’ ಎಂದೆ.

ಅವನು ನನ್ನ ಮುಖವನ್ನೇ ಸ್ವಲ್ಪ ಹೊತ್ತು ನೋಡಿದ. ಮೂವತ್ತು ವರ್ಷ ಜನರ ದನಿಯನ್ನೇ ಕೇಳಿದವನು, ಸುಳ್ಳು ಗೊತ್ತಾಗಿಯೇ ಇರುತ್ತದೆ. ಕೇಬಲ್ಲು ಸುತ್ತತೊಡಗಿದ.

ಒಳಗೆ ಹೋದೆ. ಅವ್ವ ಚಾಪೆಯ ಮೇಲೇ ಕೂತಿದ್ದಳು. ‘ಆಯ್ತಾ ಮಗ? ನಮ್ ಯಜಮಾನ್ರಿಗೆ ಕೇಳ್ತದಾ?’

‘ಆಯ್ತವ್ವಾ. ಕೇಳ್ತದೆ’ ಎಂದೆ, ನಮ್ಮ ಕಡೆಯ ಮಾತಿನಲ್ಲೇ.

ಮರುದಿನ ಬೆಳಗಿನ ಮೊದಲ ಬಸ್ಸಿಗೆ ಟೇಪುಗಳನ್ನು ತೊಡೆಯ ಮೇಲಿಟ್ಟುಕೊಂಡು ಬೆಂಗಳೂರಿಗೆ ಹೊರಟೆ. ಮಳವಳ್ಳಿ ದಾಟುವವರೆಗೂ ಇಳಿದುಬಿಡೋಣ, ಬೂತಿನಿಂದ ಫೋನು ಮಾಡಿ ಆ ಪತ್ರ ಬರೆಯುತ್ತೇನೆ ಎಂದುಬಿಡೋಣ ಎನ್ನಿಸುತ್ತಲೇ ಇತ್ತು. ಇಳಿಯಲಿಲ್ಲ. ಡಬ್ಬಿಂಗ್ ಥಿಯೇಟರಿನಲ್ಲಿ ಒಬ್ಬ ಅನುಭವಿ ಕಂಠದಾನ ಕಲಾವಿದೆಯನ್ನು ಗೊತ್ತುಮಾಡಿದೆ. ಒಂದೇ ಬಾಯಲ್ಲಿ ಎರಡು ದನಿ ನಿಲ್ಲುವುದಿಲ್ಲವಾದ್ದರಿಂದ ನಲವತ್ತೊಂದು ಪದಕ್ಕಲ್ಲ, ಅಜ್ಜಿಯ ಇಡೀ ಪಾತ್ರಕ್ಕೇ, ಮುಂದಿನ ಕಂತುಗಳಿಗೂ ಸೇರಿಸಿ, ಆಕೆಯೇ ದನಿ ಕೊಡಬೇಕಾಯಿತು. ಒಳ್ಳೆಯ ಹೆಂಗಸು, ಕಸುಬು ಬಲ್ಲವಳು. ಹಕಾರಕ್ಕೆ ತುಟಿಯ ಕೆಲಸವಿಲ್ಲ, ಬರೀ ಉಸಿರು. ಹಾಗಾಗಿ ಅವ್ವನ ಬಾಯಿಗೂ ಈಕೆಯ ಮಾತಿಗೂ ಒಂದು ಫ್ರೇಮಿನಷ್ಟೂ ವ್ಯತ್ಯಾಸ ಬರಲಿಲ್ಲ. ‘ಇಷ್ಟು ಚೆನ್ನಾಗಿ ಕೂತ ಡಬ್ಬಿಂಗ್ ನಾನು ನೋಡಿಲ್ಲ’ ಎಂದು ಥಿಯೇಟರಿನವರು ಮೆಚ್ಚಿಕೊಂಡರು. ಬುಧವಾರ ಟೇಪು ವಾಹಿನಿಗೆ ಮುಟ್ಟಿತು. ಶುಕ್ರವಾರ ಫ್ಯಾಕ್ಸ್ ಬಂತು: ದೋಷಗಳಿಲ್ಲ.

ಚಿತ್ರೀಕರಣ ಮುಗಿದು ಯೂನಿಟ್ಟು ಬೆಂಗಳೂರಿಗೆ ಹೊರಟಿತು. ಎಂದಿನಂತೆ ನಾನು ಉಳಿದೆ. ಸತ್ತೇಗಾಲದಲ್ಲಿ ಮುರಿದ ಬೇಲಿ ಕಟ್ಟಿಸಿದೆ, ಹನೂರಿನಲ್ಲಿ ಪಡೆದ ಗಾಡಿಯನ್ನು ವಾಪಸು ಕೊಟ್ಟೆ, ಮಧುವನಹಳ್ಳಿಯ ಗೋಡೆಗಳಿಗೆ ಸುಣ್ಣ ಬಳಿಸಿದೆ. ಈ ನೆಪದಲ್ಲಿ ಅವ್ವನ ಜಗುಲಿಗೆ ಮೂರು ಸಲ ಹೋದೆ. ಹೇಳಬೇಕೆಂದೇ ಹೋದದ್ದು. ಮೂರು ಸಲವೂ ಯಜಮಾನರು ನನ್ನ ಹೆಜ್ಜೆ ಗುರುತಿಸಿ, ‘ಬನ್ನಿ ಸಾ, ಇನ್ನೆಷ್ಟ್ ದಿನ ಅದೆ?’ ಎಂದು ಕೇಳಿದರು. ಐದು ಎಂದೆ, ಮೂರು ಎಂದೆ, ನಾಳೆ ಎಂದೆ. ಅವ್ವ ಪ್ರತಿ ಸಲವೂ ಮಜ್ಜಿಗೆ ಕೊಟ್ಟಳು. ಕುಡಿದು ಬಂದೆ.

ಎದುರು ಮನೆಯವರಲ್ಲಿ ಕೇಬಲ್ ಇತ್ತು. ಒಂಬತ್ತನೇ ಕಂತು ಬರುವ ಸಂಜೆ ಏಳೂವರೆಗೆ ನಡುಮನೆಯಲ್ಲಿ ಮೂವತ್ತು ಜನರಾದರೂ ಕೂತಿದ್ದರು. ಯಜಮಾನರು ಒಗೆದ ಪಂಚೆಯುಟ್ಟು, ಹೆಗಲ ಮೇಲೆ ಮಡಿಸಿದ ಟವಲ್ಲು ಹಾಕಿಕೊಂಡು ಬಂದರು. ಅವರಿಗೊಬ್ಬರಿಗೇ ಕುರ್ಚಿ, ಅದೂ ಟೀವಿಯ ಪಕ್ಕಕ್ಕೆ, ಸ್ಪೀಕರು ಇರುವ ಕಡೆ. ಅವ್ವ ಅವರ ಕಾಲ ಬಳಿ ಕೂತಳು. ಊರು ಬಿಟ್ಟು ಹೋಗಿಬಿಡಬಹುದಾಗಿದ್ದ ನಾನು, ಯಾಕೋ ತಿಳಿಯದು, ಹಿಂದಿನ ಗೋಡೆಗೆ ಒರಗಿ ನೆಲದ ಮೇಲೆ ಕೂತೆ.

ಎಂಟು ನಿಮಿಷದ ಮೇಲೆ ಅಡುಗೆಮನೆಯ ದೃಶ್ಯ ಬಂತು. ಅವ್ವನ ಮುಖ ತೆರೆಯ ತುಂಬ ನಿಂತಿತು. ಜನ ಒಟ್ಟಿಗೆ ‘ಓ’ ಎಂದರು. ತೆರೆಯ ಮೇಲಿನ ಬಾಯಿ ತೆರೆಯಿತು, ಶುದ್ಧವಾದ, ನಯವಾದ, ಪ್ರತಿ ಹಕಾರವೂ ಉಸಿರು ತುಂಬಿಕೊಂಡ ದನಿಯೊಂದು ಹೊರಟಿತು. ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ‘ಇದ್ಯಾರ್ದವ್ವಾ ದನಿ?’ ಎಂದು ಶುರುಮಾಡಿದ ಒಬ್ಬಾಕೆಯ ತೊಡೆಯನ್ನು ಪಕ್ಕದವಳು ಚಿವುಟಿದಳು. ಅವ್ವ ತೆರೆಯನ್ನೇ ನೋಡುತ್ತಿದ್ದಳು. ತನ್ನ ಬಾಯಿ ಆಡುವುದನ್ನು ನೋಡುತ್ತ ಒಮ್ಮೆ ಬೆರಳಿನಿಂದ ತುಟಿ ಮುಟ್ಟಿಕೊಂಡಳು.

ದೃಶ್ಯ ಮುಗಿದು ಜಾಹೀರಾತು ಬಂತು. ಯಜಮಾನರು ಸ್ಪೀಕರಿನ ಕಡೆ ಚಾಚಿದ್ದ ಕತ್ತನ್ನು ಹಿಂದಕ್ಕೆ ತಂದು ಹೆಂಡತಿಯ ಹೆಗಲನ್ನು ತಡಕಿದರು.

‘ಯಾರಮ್ಮಿ ಅವ್ಳು? ಚೆಂದಾಗಿ ಮಾತಾಡ್ತಾಳೆ, ಮೇಷ್ಟ್ರು ಮಗಳಂಗೆ. ನೀ ಯಾವಾಗ ಬತ್ತೀಯೆ?’

ಅವ್ವ ತಿರುಗಿ ನನ್ನನ್ನು ನೋಡಿದಳು. ರಾಗಿಯ ಮೇಲೆ ಕಂಬಿ ಹಾಸಿದ್ದಕ್ಕೆ ಬೀದಿ ನಡುಗಿಸಿದ ಹೆಂಗಸು. ಬೈದಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ. ಅವಳು ಬೈಯಲಿಲ್ಲ. ಹೆಗಲ ಮೇಲಿದ್ದ ಗಂಡನ ಕೈ ಮೇಲೆ ತನ್ನ ಕೈ ಇಟ್ಟಳು.

‘ಇವತ್ತು ನಂದು ಇಲ್ವಂತೆ ಕಣಿ. ಇನ್ನೂ ಮುಂದಕ್ಕದೆ.’

‘ಮುಂದಿನ್ ವಾರಾನಾ?’

‘ಊಂ.’

ಮುಂದಿನ ವಾರದ ಟೇಪು ಅದೇ ಕಲಾವಿದೆಯ ದನಿಯಲ್ಲಿ ಆಗಲೇ ವಾಹಿನಿಗೆ ಹೋಗಿತ್ತು. ಅದರ ಮುಂದಿನದೂ. ನನಗೆ ತಡೆಯಲಾಗಲಿಲ್ಲ. ಕೆಂಪು ಪೆನ್ನಿನಿಂದ ಹಿಡಿದು ಹುಳುಮನೆಯ ಸುಳ್ಳಿನವರೆಗೆ ಎಲ್ಲವನ್ನೂ, ಅಷ್ಟೂ ಜನರ ಮುಂದೆ, ನಮ್ಮ ಊರಿನ ಮಾತಿನಲ್ಲೇ ಒದರಿಬಿಡಬೇಕು ಎಂದುಕೊಂಡೆ. ನೆಲಕ್ಕೆ ಕೈಯೂರಿ ಅರ್ಧ ಎದ್ದೆ. ‘ಯಜಮಾನ್ರೇ...’ ಎನ್ನುವುದಷ್ಟೇ ಹೊರಬಂತು.

ಅವ್ವ ನನ್ನ ಕಡೆ ಅಂಗೈ ಎತ್ತಿ ತಡೆದಳು.

‘ಏಳ್ಬ್ಯಾಡ ಮಗ.’

ಏಳಬೇಡ ಎಂದಳೋ, ಹೇಳಬೇಡ ಎಂದಳೋ. ನಮ್ಮ ಸೀಮೆಯಲ್ಲಿ ಎರಡಕ್ಕೂ ಒಂದೇ ಮಾತು. ಅರ್ಧ ಎದ್ದವನು ಹಾಗೇ ಕುಸಿದು ಕೂತೆ, ಹೇಳಲೂ ಇಲ್ಲ. ಜಾಹೀರಾತು ಮುಗಿದು ಧಾರಾವಾಹಿ ಮತ್ತೆ ಶುರುವಾಯಿತು. ಇವತ್ತು ಇಲ್ಲ ಎಂದು ಹೇಳಿದ್ದರೂ, ಯಜಮಾನರು ಕತ್ತು ಚಾಚಿ ಸ್ಪೀಕರಿಗೆ ಮತ್ತೆ ಕಿವಿಗೊಟ್ಟರು.